ಕಾಸಿಯಾನೊನ ಹೆಗ್ಗೆಣಸು

ಮಂಡಿಗೆ ಮೆತ್ತಿದ ಒಂದಿಷ್ಟು ಕೆಂಪು ಮಣ್ಣೇ ಅಂದು ಕಾಸಿಯಾನೊನ ಮಾನ ಕಳೆಯಲು ಸಾಕಾಯಿತು.

ಬೆಳ್ಳಂಬೆಳಿಗ್ಗೆ ಅವನು ಗುಡ್ಡದಿಂದ ಹಾಲು ಕುಡಿದ ಬೆಕ್ಕಿನಂತೆ ಸದ್ದಿಲ್ಲದೆ ಇಳಿದು ಬರುತ್ತಿದ್ದ. ಜಗಲಿಯಲ್ಲಿ ಮೀನುಬಲೆ ಹೊಲಿಯುತ್ತಿದ್ದ ಪಕ್ಕದ ಮನೆಯ ಎವಾಲ್ಟ್ ಸೂಜಿ ಕೆಳಗಿಟ್ಟ.

"ಏನಯ್ಯಾ, ಮಂಡಿಯೆಲ್ಲಾ ಕೆಂಪಗಿದೆ? ಎಲ್ಲಿಗೆ ಹೋಗಿದ್ದೆ?"

"ಹಂದಿ ತಪ್ಪಿಸ್ಕೊಂಡಿತ್ತು, ಹುಡುಕೋಕೆ."

ಎವಾಲ್ಟ್ ಬೇಲಿಯಾಚೆ ನೋಡಿದ. ಕಾಸಿಯಾನೊನ ಒಂದೇ ಒಂದು ಹಂದಿ ಕಟ್ಟಿದಲ್ಲೇ ಗೊರಕೆ ಹೊಡೆಯುತ್ತಿತ್ತು.

"ಅಂದ್ರೆ... ಹೆಂಡ್ತಿಗೆ ಹೊಟ್ಟೆನೋವು. ಔಷಧಿ ಸೊಪ್ಪು ತರೋಕೆ," ಎನ್ನುತ್ತಾ ಕಾಸಿಯಾನೊ ಒಳಗೆ ನುಸುಳಿದ.

ನಿಜ ಹೇಳುವಂತಿರಲಿಲ್ಲ. ಪೋನ್‌ಪೇ ದ್ವೀಪದ ಗಂಡಸು ತನ್ನ ಹೆಗ್ಗೆಣಸನ್ನು ಕಾಡಿನಲ್ಲಿ ಗುಟ್ಟಾಗಿ ಬೆಳೆಸುತ್ತಾನೆ. ಊರ ಯಜಮಾನನ ಮುಂದೆ ಇಳಿಸಿ ಬಿರುದು ಪಡೆಯುವವರೆಗೆ ಹೆಂಡತಿಗೂ ಬಾಯಿ ಬಿಡುವುದಿಲ್ಲ. ಇನ್ನೊಬ್ಬರ ಗೆಣಸಿಗೆ ಇಣುಕುವುದೋ, ಬಚ್ಚಲಿಗೆ ಇಣುಕುವುದಕ್ಕಿಂತ ಹೇಸಿಗೆ.

ಗಂಟೆಯೊಳಗೆ ನಾಲ್ವರು ಹೆಂಗಸರು ಬೇಯಿಸಿದ ದೀವಿಹಲಸು ಹೊತ್ತು ರೋಗಿಯನ್ನು ನೋಡಲು ಬಂದರು. ರೋಗಿ ಹೊಳೆಯಲ್ಲಿ ಬಟ್ಟೆ ಒಗೆಯುತ್ತಿದ್ದಳು.

"ಹೊಟ್ಟೆನೋವಾ? ನಂಗಾ? ಯಾವನ್ರೀ ಹೇಳಿದ್ದು?" ಎಂದಳು ಸೆರ್ಲಿನಾ.

ಎರಡೆರಡು ಸುಳ್ಳು ಹೇಳಿದವನು ಇನ್ನೊಬ್ಬರ ಗೆಣಸಿಗೇ ಇಣುಕಿರಬೇಕು ಎಂದು ಮಧ್ಯಾಹ್ನದೊಳಗೆ ಊರಿಗೆ ಊರೇ ಲೆಕ್ಕಾಚಾರ ಹಾಕಿತು. "ಮೊನ್ನೆ ಚರ್ಚಲ್ಲಿ ನನ್ನ ಉಗುರಿನ ಮಣ್ಣನ್ನೇ ದಿಟ್ಟಿಸ್ತಿದ್ದ," ಎಂದ ಒಬ್ಬ. "ನನ್ನ ಹಾರೆ ಉದ್ದ ಎಷ್ಟು ಅಂತ ಕೇಳಿದ್ದ," ಎಂದ ಇನ್ನೊಬ್ಬ. "ಇಣುಕುಬುರುಕ!" ಎಂದು ತೀರ್ಪಿತ್ತವನು ಎವಾಲ್ಟ್.

ಸಭಾಮಂಟಪದಲ್ಲಿ, ಮತ್ತೇರಿಸುವ ಸಕಾವ್ ಬೇರಿನ ರಸ ತುಂಬಿದ ತೆಂಗಿನ ಚಿಪ್ಪು ಎಲ್ಲರ ಕೈ ದಾಟಿ ಬಂತು. ಕಾಸಿಯಾನೊನ ಮೂಗಿನ ಮುಂದೆಯೇ ಮುಂದಕ್ಕೆ ಹೋಯಿತು.

"ಯಾರ ಗೆಣಸು ನೋಡೋಕೆ ಹೋಗಿದ್ದೆ?" ಎಂದ ಯಜಮಾನ.

"ನನ್ನದೇ, ದೊಡ್ಡವ್ರೇ! ಬನ್ನಿ, ತೋರಿಸ್ತೀನಿ," ಎಂದ ಕಾಸಿಯಾನೊ. ಎರಡು ವರ್ಷದ ಗುಟ್ಟನ್ನು ಬಯಲು ಮಾಡಲು ಅವನೇ ಮುಂದೆ ನಡೆದ.

ಎಲ್ಲರೂ ಗುಡ್ಡ ಹತ್ತಿದರು. ಉರುಳಿಬಿದ್ದ ಮರದ ಹಿಂದೆ ತೊಡೆಗಾತ್ರದ ಬಳ್ಳಿ ಕಂಡದ್ದೇ ತಡ, ಎವಾಲ್ಟ್ ಕಿರುಚಿದ:

"ಇದು ನಂದು! ಎರಡು ವರ್ಷದ ಹಿಂದೆ ಬಿರುಗಾಳೀಲಿ ಗುರುತಿನ ಮರವೆಲ್ಲಾ ಉರುಳಿದ್ಮೇಲೆ, ನಾನು ನೆಟ್ಟಿದ್ದನ್ನ ಹುಡುಕಿ ಹುಡುಕಿ ಪತ್ತೆ ಹಚ್ಚಿದ್ದೀನಿ. ದಿನಾ ಸಂಜೆ ಬಂದು ಸೊಪ್ಪು ಹಾಕ್ತಿದ್ದೀನಿ!"

"ನಾನೂ ಬಿರುಗಾಳಿ ಆದ್ಮೇಲೇ ಹುಡುಕಿದ್ದು! ದಿನಾ ಬೆಳಿಗ್ಗೆ ಬುಡ ಸಡಿಲ ಮಾಡೋನು ನಾನು!"

"ಅಗೀರಿ ಮೊದಲು," ಎಂದ ಯಜಮಾನ.

ಅಗೆದರು. ಮಲಗಿದ ಎಮ್ಮೆಯಂತಹ ಗೆಣಸು ಹೊರಬಂತು. ಅದರ ಪಕ್ಕೆಯಲ್ಲಿ ನೀಲಿ ಹೂವಿನ ಪಿಂಗಾಣಿ ತಟ್ಟೆಯೊಂದು ಅರ್ಧ ಹೂತುಕೊಂಡಿತ್ತು. ತಟ್ಟೆ ಯಾರದೆಂದು ಇಬ್ಬರಿಗೂ ಗೊತ್ತಿರಲಿಲ್ಲ. ಗೆಣಸನ್ನು ಗಳುವಿಗೆ ಕಟ್ಟಿ ಮಂಟಪಕ್ಕೆ ಹೊತ್ತು ತಂದರು.

ಮಂಟಪದ ಮೂಲೆಯಲ್ಲಿ ಕುಳಿತಿದ್ದ ಯಜಮಾನನ ಸೋದರತ್ತೆ, ಮುದುಕಿ ಕ್ಲಾರಿನೆಸ್, ಕೋಲೂರಿ ಎದ್ದಳು.

"ಅಯ್ಯೋ, ನನ್ನ ತಟ್ಟೆ! ಗೆಣಸು ನೆಟ್ಟ ದಿನ ಬುತ್ತಿ ಉಂಡು ಗುಂಡೀಲೇ ಬಿಟ್ಟಿದ್ದೆನಾ? ಸೊಸೆ ಕದ್ದಳು ಅಂತ ಆರು ವರ್ಷದಿಂದ ಅವಳನ್ನ ಮಾತಾಡ್ಸಿಲ್ವಲ್ಲೋ! ಕಾಲು ಸೋತ ಮೇಲೆ ಆ ಕಡೆ ಹೋಗೇ ಇಲ್ಲ. ನೋಡಿ, ದೇವರೇ ಸಾಕಿದ್ದಾನೆ."

ನೆಟ್ಟವಳು ಹೆಂಗಸಾದರೂ ಬಿರುದು ಮುದುಕಿಗೇ ಸಂದಿತು.

ಯಜಮಾನ ಇಬ್ಬರತ್ತ ತಿರುಗಿದ. "ಅಂದ್ರೆ ಎರಡು ವರ್ಷ, ದಿನಾ ತಪ್ಪದೆ, ನಮ್ಮತ್ತೆ ಗೆಣಸಿಗೆ ಇಣುಕಿದೋರು ನೀವಿಬ್ರೂ."

ಇಂಥ ತಪ್ಪಿಗೆ ಕ್ಷಮೆ ಬೇಡುವವರು ತಾವೇ ಸಕಾವ್ ಬೇರು ಜಜ್ಜಿ ರಸ ಕೊಡಬೇಕು. ಕಾಸಿಯಾನೊ ಬೇರು ಜಜ್ಜುವ ಕಲ್ಲು ಹಿಡಿದು ಎವಾಲ್ಟನ ಪಕ್ಕದಲ್ಲೇ ಕುಳಿತ.