ಹೆಸರಿಗೊಂದು ಅರ್ಥ ಹೇಳಿ ಟೀಚರೇ

ಡಾಕ್ಟರನ್ನು ಕಂಡರೆ ಜನ ನಾಲಗೆ ತೋರಿಸುತ್ತಾರೆ, ವಕೀಲರನ್ನು ಕಂಡರೆ ಜಾಗದ ತಕರಾರು ತೆಗೆಯುತ್ತಾರೆ, ಕನ್ನಡ ಟೀಚರನ್ನು ಕಂಡರೆ ಹೆಸರಿನ ಅರ್ಥ ಕೇಳುತ್ತಾರೆ. ಬೆಳ್ತಂಗಡಿ ಕಡೆಯ ಒಂದು ಹೈಸ್ಕೂಲಿನಲ್ಲಿ ಪಾಠ ಮಾಡಿ ಮೂಡುಬಿದಿರೆಯ ಮನೆಗೆ ಬಸ್ಸಿನಲ್ಲಿ ಹೋಗಿ ಬರುವ ನನಗೆ ಮೀನು ಮಾರ್ಕೆಟಿನಲ್ಲೂ ಬಿಡುಗಡೆ ಇಲ್ಲ. ಕೈಯಲ್ಲಿ ಬಂಗುಡೆಯ ಚೀಲ ಇದ್ದರೂ ಸರಿ, ನಿಂತು ಅರ್ಥ ಹೇಳಿಯೇ ಹೋಗಬೇಕು. ಹೇಳಿದ ಮೇಲೆ ಏನಾಗುತ್ತದೆ ಎಂಬುದು ನನ್ನ ಕೈಯಲ್ಲಿಲ್ಲ.

ಮನೆ ಇಲ್ಲದವನ ಮನೆ

ನನ್ನ ಹಳೆಯ ವಿದ್ಯಾರ್ಥಿಯೊಬ್ಬ ದುಬೈಯಲ್ಲಿ ಎಸಿ ರಿಪೇರಿ ಮಾಡಿ ದುಡಿದು ಗುರುವಾಯನಕೆರೆಯ ಹತ್ತಿರ ಮನೆ ಕಟ್ಟಿಸಿದ. ಗೃಹಪ್ರವೇಶಕ್ಕೆ ಹೋದೆ. ಗೇಟಿನ ಕಂಬದಲ್ಲಿ ಕರಿಕಲ್ಲು, ಅದರಲ್ಲಿ ಕೊರೆಸಿದ ಚಿನ್ನದ ಬಣ್ಣದ ಅಕ್ಷರ: 'ಅನಿಕೇತ ನಿಲಯ'. ಅನಿಕೇತ ಅವನ ಮಗನ ಹೆಸರು.

ನಾನು ಬೋರ್ಡು ನೋಡಿ ಸುಮ್ಮನೆ ಒಳಗೆ ಹೋದೆ. ಅವನು ಬಿಡಬೇಕಲ್ಲ. ಊಟಕ್ಕೆ ಮೊದಲು ಮೈಕ್ ತಂದು ಕೈಗೆ ಕೊಟ್ಟ.

"ಟೀಚರೇ, ಮಗನ ಹೆಸರಿನ ಅರ್ಥ ನಾಲ್ಕು ಜನರಿಗೆ ಗೊತ್ತಾಗುವ ಹಾಗೆ ಹೇಳಿ."

"ಶಿವನ ಹೆಸರು. ಬಹಳ ಒಳ್ಳೆಯ ಹೆಸರು," ಎಂದು ಮೈಕ್ ವಾಪಸ್ ಕೊಟ್ಟೆ.

ಎದುರು ಕುರ್ಚಿಯಲ್ಲಿದ್ದ ಅವನ ಮಾವ ಬಿಡಲಿಲ್ಲ. "ಶಿವನಿಗೆ ಆ ಹೆಸರು ಯಾಕೆ ಬಂತು?"

ಸುಳ್ಳು ಹೇಳಲಿಕ್ಕೆ ಆಗಲಿಲ್ಲ. "ನಿಕೇತ ಅಂದರೆ ಮನೆ. ಅನಿಕೇತ ಅಂದರೆ ಮನೆ ಇಲ್ಲದವನು. ಶಿವ ಸ್ಮಶಾನದಲ್ಲಿ ಇರುವವನಲ್ಲವಾ, ಹಾಗೆ."

ಚಪ್ಪರದ ಹೊರಗೆ ಅಡುಗೆಯವರೂ ಸೌಟು ಕೆಳಗಿಟ್ಟು ಇತ್ತ ನೋಡಿದರು. ಮಾವ ಮೆಲ್ಲಗೆ ಮಗಳ ಕಡೆ ತಿರುಗಿ, "ಹಾಗಾದರೆ ಇದು ಮನೆ ಇಲ್ಲದವನ ಮನೆ," ಎಂದರು.

ಮಗನ ಹೆಸರು ಪಾಸ್‌ಪೋರ್ಟಿನಲ್ಲಿ ಬಂದಾಗಿತ್ತು, ಬದಲಿಸುವ ಹಾಗಿಲ್ಲ. ಹೊಸ ಕಲ್ಲು ಹಾಕಿಸುವ ಮನಸ್ಸು ಅವನಿಗಿಲ್ಲ. ಮೊನ್ನೆ ಬಸ್ಸಿನಿಂದ ನೋಡಿದೆ. ಕಲ್ಲು ಕೆತ್ತುವವರನ್ನು ಕರೆಸಿ ಮೊದಲ ಅಕ್ಷರವನ್ನು ಮಾತ್ರ ಉಜ್ಜಿಸಿ ತೆಗೆದಿದ್ದಾನೆ. ಈಗ ಅಲ್ಲಿರುವುದು 'ನಿಕೇತ ನಿಲಯ'. ಅಂದರೆ ಮನೆ ಮನೆ.

ಮಗುವೇ ಹೇಳಿದ ಹೆಸರು

ನಮ್ಮ ಶಾಲೆಯ ಮಕ್ಕಳನ್ನು ತರುವ ರಿಕ್ಷಾದವರು ಒಂದು ಸಂಜೆ ಹೆಂಡತಿ ಮತ್ತು ಎಳೆ ಮಗುವಿನೊಂದಿಗೆ ಮನೆಗೆ ಬಂದರು. ಇಬ್ಬರದೂ ನಿದ್ದೆಗೆಟ್ಟ ಮುಖ.

"ಜೋಯಿಸರು ನಕ್ಷತ್ರ ನೋಡಿ ಅಕ್ಷರ ಕೊಟ್ಟಿದ್ದಾರೆ ಟೀಚರೇ. ಅದರಿಂದ ಶುರುವಾಗುವ ಹೆಸರು ನೀವೇ ಹೇಳಬೇಕು. ನಾಡಿದ್ದು ತೊಟ್ಟಿಲು."

"ಯಾವ ಅಕ್ಷರ?"

"ಙ."

ಕ, ಖ, ಗ, ಘ ಆದ ಮೇಲೆ ಬರುವ ಆ ಅಕ್ಷರವನ್ನು ನಾನು ಮಕ್ಕಳಿಗೆ ಬಾಯಿಪಾಠ ಮಾಡಿಸಿದ್ದುಂಟೇ ವಿನಾ ಅದರಿಂದ ಶುರುವಾಗುವ ಒಂದು ಶಬ್ದ ಹೇಳಿಕೊಟ್ಟವಳಲ್ಲ. ಕಪಾಟಿನಿಂದ ನಿಘಂಟು ಇಳಿಸಿದೆ. ಅದರಲ್ಲೂ ಹೆಸರಿಗೆ ಒಗ್ಗುವಂಥದ್ದು ಒಂದೂ ಇಲ್ಲ. "ಈ ಅಕ್ಷರದಿಂದ ಮನುಷ್ಯರ ಬಾಯಿಗೆ ಬರುವ ಹೆಸರೇ ಇಲ್ಲ. ಜೋಯಿಸರ ಹತ್ತಿರ ಬೇರೆ ಅಕ್ಷರ ಕೇಳಿ," ಎಂದೆ.

ಅಷ್ಟರಲ್ಲಿ ಅಮ್ಮನ ಮಡಿಲಲ್ಲಿದ್ದ ಮಗು ಎದ್ದು ಬಾಯಿ ಅಗಲಿಸಿತು. "ಙೇ… ಙೇ…"

ರಿಕ್ಷಾದವರು ಹೆಂಡತಿಯ ಮುಖ ನೋಡಿದರು. "ಪಾಪ, ಹುಟ್ಟಿದ ದಿನದಿಂದ ಹೇಳುತ್ತಾ ಇದ್ದಾನೆ. ನಮಗೇ ಗೊತ್ತಾಗಲಿಲ್ಲ."

ಇಬ್ಬರೂ ಭಾನುವಾರ

ನನ್ನ ತವರು ವಿಟ್ಲದ ಕಡೆ. ಅಲ್ಲಿ ನಮ್ಮ ಮನೆಯ ಕೆಳಗೆ ಐತಪ್ಪಣ್ಣ ಮತ್ತು ದುಮಿಂಗ ಪೊರ್ಬುಗಳು ಅಕ್ಕಪಕ್ಕದವರು. ಕೊಂಕಣಿ ಕ್ರೈಸ್ತರನ್ನು ನಮ್ಮಲ್ಲಿ ಪೊರ್ಬುಗಳು ಎನ್ನುತ್ತಾರೆ. ಬೇಲಿಯ ಹತ್ತಿರ ಒಂದು ತೆಂಗಿನ ಮರ ಇತ್ತು. ಬುಡ ಪೊರ್ಬುಗಳ ಜಾಗದಲ್ಲಿ, ತಲೆ ಐತಪ್ಪಣ್ಣನ ಅಂಗಳದ ಮೇಲೆ. ಕಾಯಿ ಬಿದ್ದಾಗಲೆಲ್ಲ ಜಗಳ. ಕಡೆಗೆ ಮಾತೇ ನಿಂತುಹೋಯಿತು. ಐತಪ್ಪಣ್ಣನ ಮಗಳ ಮದುವೆ ಹತ್ತಿರ ಬಂದಾಗ ಅವರ ಹೆಂಡತಿ ನನ್ನ ಹತ್ತಿರ ಕಣ್ಣೀರು ಹಾಕಿದರು. "ಆ ಹುಡುಗಿಯನ್ನು ಎತ್ತಿ ಆಡಿಸಿದ್ದೇ ಪೊರ್ಬುಗಳು. ಅವರು ಬಾರದೆ ಮದುವೆ ಹೇಗೆ ಮಾಡುವುದು? ನೀನೊಮ್ಮೆ ಹೇಳಿ ನೋಡು."

ಇಬ್ಬರನ್ನೂ ನಮ್ಮ ಜಗಲಿಗೆ ಕರೆಸಿದೆ. ಚಾ ಕೊಟ್ಟೆ. ಇಬ್ಬರೂ ಬೇರೆ ಬೇರೆ ದಿಕ್ಕಿಗೆ ಮುಖ ಮಾಡಿ ಕುಡಿದರು. ಎಲ್ಲಿಂದ ಶುರು ಮಾಡುವುದೆಂದು ತಿಳಿಯದೆ ನನ್ನ ಕಸುಬಿನಿಂದಲೇ ಶುರು ಮಾಡಿದೆ.

"ಐತಪ್ಪಣ್ಣ, ತುಳುವಿನಲ್ಲಿ ಐತಾರ ಅಂದರೆ ಭಾನುವಾರ. ಆ ದಿನ ಹುಟ್ಟಿದವರಿಗೆ ಐತಪ್ಪ ಅಂತ ಹೆಸರಿಡುತ್ತಿದ್ದರು. ಪೊರ್ಬುಗಳೇ, ನಿಮ್ಮ ಹೆಸರು ಪೋರ್ಚುಗೀಸರ ಭಾಷೆಯಿಂದ ಬಂದದ್ದು. ದುಮಿಂಗ ಅಂದರೂ ಭಾನುವಾರವೇ. ದೇವರು ನಿಮಗಿಬ್ಬರಿಗೂ ಒಂದೇ ಹೆಸರು ಕೊಟ್ಟು ಅಕ್ಕಪಕ್ಕ ಇಟ್ಟಿದ್ದಾನೆ. ಇನ್ನಾದರೂ ಮಾತಾಡಿ."

ಐತಪ್ಪಣ್ಣನ ಕಣ್ಣು ತೇವವಾಯಿತು. ಪೊರ್ಬುಗಳು ಲೋಟ ಕೆಳಗಿಟ್ಟರು.

"ಇಷ್ಟು ದಿನ ಕದ್ದದ್ದು ಕಾಯಿ ಮಾತ್ರ ಅಂತ ಗ್ರಹಿಸಿದ್ದೆ. ಹೆಸರನ್ನೂ ಬಿಡಲಿಲ್ಲ ಇವನು."

ಮದುವೆಗೆ ಬಂದರು ಮಾತ್ರ. ಮೊದಲ ಪಂಕ್ತಿಯಲ್ಲೇ ಕೂತರು.

ಬಂಟ್ವಾಳದ ಸಿಂಹ

ಬಂಟ್ವಾಳ ಪೇಟೆಯಲ್ಲಿ ನಾನು ಸೀರೆ ಕೊಳ್ಳುವ ಅಂಗಡಿಯ ಅಬ್ಬಾಸ್ ಬ್ಯಾರಿಗಳು ಹುಟ್ಟಿದಾಗಲೇ ನಗುತ್ತಿದ್ದರೋ ಏನೋ. ಆ ನಗುವೇ ಅವರಿಗೆ ತೊಂದರೆ. ಅಂತಹ ಮುಖ ಕಂಡರೆ ಯಾರಿಗಾದರೂ ಚೌಕಾಸಿ ಮಾಡಬೇಕೆನಿಸುತ್ತದೆ.

ಒಂದು ದಿನ ಹೋದರೆ ಮುಖ ಗಂಟು ಹಾಕಿ ಕೂತಿದ್ದಾರೆ. ಸೌದಿಯಿಂದ ರಜೆಗೆ ಬಂದ ಅಳಿಯ ಹೇಳಿದನಂತೆ, ಅರಬಿಯಲ್ಲಿ ಅಬ್ಬಾಸ್ ಅಂದರೆ ಹುಬ್ಬು ಗಂಟಿಕ್ಕಿದ ಸಿಂಹ ಎಂದು. "ಇಷ್ಟು ಒಳ್ಳೆಯ ಹೆಸರು ಇಟ್ಟುಕೊಂಡು ನಾನು ಹಲ್ಲು ಕಿಸಿದು ಕೂತದ್ದು ಟೀಚರೇ. ಇವತ್ತಿನಿಂದ ಹೇಳಿದ್ದೇ ರೇಟು."

ನಾನು ಅಲ್ಲಿರುವಾಗಲೇ ಗಿರಾಕಿಗಳು ಬಂದರು. ಯಾರೂ ರೇಟು ಕೇಳಲಿಲ್ಲ. ಒಬ್ಬರು "ಶರೀರಕ್ಕೆ ಸೌಖ್ಯ ಇಲ್ಲವಾ?" ಎಂದರು. ಇನ್ನೊಬ್ಬರು "ದವಡೆ ಹಲ್ಲಾ? ಲವಂಗ ಇಟ್ಟುಕೊಳ್ಳಿ," ಎಂದರು. ಕಾಲೇಜು ಹುಡುಗಿಯೊಬ್ಬಳು ಎದುರಿನ ಕ್ಲಿನಿಕ್ಕಿಗೆ ಕರೆದುಕೊಂಡು ಹೋಗಲೇ ಎಂದು ಕೇಳಿದಳು. ಬ್ಯಾರಿಗಳು ತಡೆಯಲಾರದೆ ನಕ್ಕುಬಿಟ್ಟರು, ಅವಳಿಗೆ ಚೂಡಿದಾರವನ್ನು ಅವಳು ಕೇಳಿದ ರೇಟಿಗೇ ಕೊಟ್ಟರು.

ನನ್ನ ಕಡೆ ತಿರುಗಿ ಹೇಳಿದರು, "ಸಿಂಹ ಕಾಡಿಗೆ ಆಗ್ತದೆ ಟೀಚರೇ. ಜವಳಿಗೆ ಆಗುವುದಿಲ್ಲ."

ಕೋರಿ

ಮೂಡುಬಿದಿರೆಯಲ್ಲಿ ನಮ್ಮ ನೆರೆಮನೆಯ ಅಕ್ಕನ ಮಗ ದೊಡ್ಡ ಪ್ರವಾಸಿ ಹಡಗಿನಲ್ಲಿ ಅಡುಗೆ ಕೆಲಸಕ್ಕಿದ್ದಾನೆ. ಅದೇ ಹಡಗಿನಲ್ಲಿ ಕೆಲಸ ಮಾಡುವ ಗ್ರೀಸ್ ದೇಶದ ಹುಡುಗಿಯನ್ನು ಮದುವೆಯಾಗುತ್ತೇನೆ ಎಂದ. ಅಕ್ಕ ದೇಶಕ್ಕೂ ಒಪ್ಪಿದರು, ಭಾಷೆಗೂ ಒಪ್ಪಿದರು. ಹೆಸರು ಕೇಳಿದ ಮೇಲೆ ನೇರ ನಮ್ಮ ಮನೆಗೆ ಬಂದು ಕೂತರು.

"ಕೋರಿ ಅಂತೆ ಟೀಚರೇ."

ತುಳುವಿನಲ್ಲಿ ಕೋರಿ ಅಂದರೆ ಕೋಳಿ. ಕೋರಿ ರೊಟ್ಟಿ ತಿನ್ನದ ಮನೆ ನಮ್ಮಲ್ಲಿ ಕಡಿಮೆ.

"ನಾನು ಅಂಗಳದಲ್ಲಿ ನಿಂತು ಸೊಸೆಯನ್ನು ಕೂಗುವುದು ಹೇಗೆ? ಇದ್ದಬದ್ದ ಹುಂಜ ಎಲ್ಲ ಓಡಿ ಬಂದಾವು."

ನಾನು ಸಮಾಧಾನ ಹೇಳಿದೆ. "ಕನ್ನಡದಲ್ಲಿ ಕೋರಿ ಅಂದರೆ ಬೇಡಿ, ಬಯಸಿ ಅಂತ ಅಲ್ಲವಾ ಅಕ್ಕಾ. ನೀವು ಕೋರಿ ಪಡೆದ ಸೊಸೆ ಅಂತ ಗ್ರಹಿಸಿ."

ಅಕ್ಕನಿಗೆ ಅದು ಹಿಡಿಸಿತು. ಮದುವೆಗೆ ಎರಡು ದಿನ ಮೊದಲು ಹುಡುಗಿ ತನ್ನ ಅಪ್ಪನ ಜೊತೆ ಬಂದಿಳಿದಳು. ಅವಳನ್ನೇ ಕೇಳಿದೆ. ಅವಳ ಪೂರ್ತಿ ಹೆಸರು ಕೋರಿನ್ನಾ, ಅದು ಹುಡುಗಿ ಎಂಬ ಅರ್ಥದ ಹಳೆಯ ಶಬ್ದದಿಂದ ಬಂದದ್ದು. ಈಗ ಅವರಲ್ಲಿ ಕೋರಿ ಎಂದರೆ ಮಗಳು. ತಾಯಿ ಇಲ್ಲದ ಅವಳನ್ನು ಸಾಕಿದ ಅಪ್ಪ 'ಕೋರಿ ಮೂ' ಎಂದೇ ಕರೆಯುವುದು. 'ನನ್ನ ಮಗಳೇ' ಎಂದು.

ಮದುವೆ ಚಂದವಾಗಿ ಆಯಿತು. ಮರುದಿನ ಮನೆಯಲ್ಲಿ ನೆಂಟರಿಗೆ ಕೋರಿ ರೊಟ್ಟಿಯ ಔತಣ. ಹುಡುಗಿಯ ಅಪ್ಪನಿಗೆ ಆ ಸಂಜೆಯೇ ವಿಮಾನ. ಭಾರೀ ಆಳು, ಬಿಳಿ ಮೀಸೆ. ಎಲೆಯ ಮುಂದೆ ಕೂತವರು ಎದುರಿನ ಸಾಲಿನಲ್ಲಿ ಸೀರೆಯುಟ್ಟು ಬಡಿಸುತ್ತಿದ್ದ ಮಗಳನ್ನು ನೋಡಿದರು. ಕಣ್ಣು ತುಂಬಿತು. ಎದೆಯ ಮೇಲೆ ಕೈ ಇಟ್ಟು ಸಣ್ಣ ಸ್ವರದಲ್ಲಿ, "ಕೋರಿ ಮೂ," ಎಂದರು.

ಬಾಲ್ದಿ ಹಿಡಿದು ಬಂದ ಬಡಿಸುವವನಿಗೆ ಕೇಳಿದ್ದು ಕೋರಿ ಮೂಜಿ. ತುಳುವಿನಲ್ಲಿ ಮೂಜಿ ಎಂದರೆ ಮೂರು. ಅವನು ಮೂರು ತುಂಡು ಬಡಿಸಿದ.

ಅವರು ಎಲೆ ನೋಡಿ, ತಲೆ ಅಲ್ಲಾಡಿಸಿ, ಮತ್ತೆ ಮಗಳ ಕಡೆ ಕೈ ಚಾಚಿದರು. "ಕೋರಿ ಮೂ." ಸ್ವರ ನಡುಗುತ್ತಿತ್ತು. ಚಾಚಿದ ಕೈಯ ದಾರಿಯಲ್ಲೇ ಇದ್ದ ಬಡಿಸುವವನು, ಹಾಕಿದ್ದು ಸಾಲಲಿಲ್ಲ ಎಂದು ತಿಳಿದು, ಇನ್ನೂ ಮೂರು ಹಾಕಿದ. ಅವರು ಎರಡೂ ಕೈಯಲ್ಲಿ ಮುಖ ಮುಚ್ಚಿ ಅತ್ತುಬಿಟ್ಟರು, ಅಳುವಿನ ನಡುವೆಯೂ ಅದೇ ಮಾತು. ಬಡಿಸುವವನು ಹೆದರಿ ಬಾಲ್ದಿಯನ್ನೇ ಅವರ ಪಕ್ಕದಲ್ಲಿ ಇಟ್ಟು ನಿಂತ.

ಮಗಳು ಓಡಿ ಬಂದು ಅಪ್ಪನನ್ನು ತಬ್ಬಿಕೊಂಡಳು. ಬಾಗಿಲಿನಲ್ಲಿ ನಿಂತು ಎಲ್ಲವನ್ನೂ ನೋಡುತ್ತಿದ್ದ ಅಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡು ನನ್ನ ಕಿವಿಯ ಹತ್ತಿರ ಬಂದರು.

"ಈಗ ಅರ್ಥವಾಯಿತು ಟೀಚರೇ. ಕೋಳಿ ಮೇಲೆ ಇಷ್ಟು ಜೀವ ಇರುವ ಮನುಷ್ಯ ಮಗಳಿಗೆ ಬೇರೆ ಹೆಸರು ಇಡುವುದು ಹೇಗೆ?"