ಅಜ್ಜನ ತಲೆಯೆಣ್ಣೆಯ ಗುರುತು

ಗೋಡೆಯನ್ನು ಹೊಸದು ಮಾಡುವುದು ಯಾರಿಗಾದರೂ ಬರುತ್ತದೆ. ಹಳೆಯದು ಮಾಡುವುದಕ್ಕೆ ವಿದ್ಯೆ ಬೇಕು. ನಾನು ಇತಿಹಾಸದಲ್ಲಿ ಎಂ.ಎ. ಹೀಗಾಗಿ ಧಾರಾವಾಹಿಯೊಂದರ ಕಲಾ ನಿರ್ದೇಶನ ಸಿಕ್ಕಾಗ ನನಗೆ ಆಶ್ಚರ್ಯವೇನೂ ಆಗಲಿಲ್ಲ. ಮೊದಲ ದೃಶ್ಯ ಚೆನ್ನಾಗಿ ಬಂದರೆ ಇಡೀ ಧಾರಾವಾಹಿ ನನಗೇ ಎಂದು ನಿರ್ದೇಶಕರು ಮಾತು ಕೊಟ್ಟಿದ್ದರು.

ಚಿತ್ರೀಕರಣಕ್ಕೆ ಬಬಲೇಶ್ವರದಲ್ಲಿ ನನ್ನ ಹೆಂಡತಿಯ ಚಿಕ್ಕಮ್ಮ ಗಂಗವ್ವನವರ ಮನೆ ಗೊತ್ತು ಮಾಡಿದೆ. ದೃಶ್ಯ ಇಷ್ಟೇ: ಅಜ್ಜ ತೀರಿಕೊಂಡಿದ್ದಾನೆ. ಅವನು ಜೀವಮಾನವಿಡೀ ತಲೆ ಆನಿಸಿ ಕೂತ ಗೋಡೆಯ ಎಣ್ಣೆ ಗುರುತನ್ನು ಮೊಮ್ಮಗಳು ಮುಟ್ಟಿ ಅಳಬೇಕು. ಗೋಡೆಗೆ ಚಹಾದ ನೀರು ಬಳಿದೆ, ಮಸಿ ತಿಕ್ಕಿದೆ, ಕೊನೆಗೆ ಕೊಬ್ಬರಿ ಎಣ್ಣೆ ಹಚ್ಚಿದ ನನ್ನದೇ ತಲೆಯನ್ನು ಉಜ್ಜಿದೆ. ಅದ್ಭುತ! ಮೊಮ್ಮಗಳು ಬಾಗಿಲಲ್ಲಿ ನಿಂತು ಗುರುತು ನೋಡುವಷ್ಟನ್ನು ಅಂದು ಚಿತ್ರೀಕರಿಸಿದರು. ಮುಟ್ಟಿ ಅಳುವುದು ಮರುದಿನಕ್ಕೆ.

ಮರುದಿನ ಬೆಳಿಗ್ಗೆ ವಿಜಯಪುರದಿಂದ ಹೆಂಡತಿ ಮಹಾದೇವಿಯನ್ನೂ ಕರೆದುಕೊಂಡು ಹೋಗಿ ನೋಡುತ್ತೇನೆ, ಗೋಡೆ ಹಾಲಿನಂತೆ ಬೆಳ್ಳಗಿದೆ!

“ಅತ್ತೀ, ಇದೇನ್ ಮಾಡೀರಿ!”

“ಸುಣ್ಣ ಹೊಡದೀನ್ರೀ ಅಳಿಯಂದ್ರ,” ಎಂದರು ಗಂಗವ್ವ ಅಭಿಮಾನದಿಂದ. “ನಿಮ್ಮ ಮಂದಿ ಬರೂ ಮನಿ, ಗ್ವಾಡಿ ನೋಡಿದ್ರ ಬರೇ ಜಿಡ್ಡು! ಟೀವ್ಯಾಗ ನೋಡಿದವ್ರು ಗಂಗವ್ವ ಮನಿ ಹೊಲಸ ಇಟ್ಟಾಳ ಅನ್ನಂಗಿಲ್ಲೇನ್ರಿ?”

ಮುಟ್ಟಬೇಡಿ ಎಂದು ಅವರಿಗೆ ಹೇಳಿದ್ದೆನೇ? ಹೇಳಿದ್ದೆನೆಂದು ನೆನಪು. ಆದರೆ ನನ್ನ ನೆನಪನ್ನು ನಾನೇ ನಂಬುವುದಿಲ್ಲ. ಇರಲಿ, ಫೋನಿನಲ್ಲಿ ಫೋಟೋಗಳಿದ್ದವಲ್ಲ! ಮಹಾದೇವಿ ಒಂದೊಂದನ್ನೇ ಸರಿಸಿ ನೋಡಿದಳು.

“ರೀ, ಎಲ್ಲಾದ್ರಾಗೂ ನಿಮ್ಮ ಮಾರೀನ ಐತಿ. ಗ್ವಾಡಿ ಎಲ್ಲೈತಿ?”

ನನ್ನ ಸಾಧನೆಯ ಮುಂದೆ ನಿಂತು ತೆಗೆದ ಅಷ್ಟೂ ಸೆಲ್ಫಿಗಳಲ್ಲಿ, ಗುರುತನ್ನು ಪೂರ್ತಿ ಮುಚ್ಚಿಕೊಂಡು ನಾನು ನಗುತ್ತಿದ್ದೆ. ಹಿಂದಿನ ದಿನದ ಚಿತ್ರೀಕರಣ ನೋಡಬಹುದಿತ್ತು; ಕೇಳಿದರೆ ನಿರ್ದೇಶಕರಿಗೆ ವಿಷಯ ಗೊತ್ತಾಗುತ್ತದೆ. ಅವರು ಬರುವುದರೊಳಗೆ ಮುಗಿಸೋಣವೆಂದು ಮತ್ತೆ ಚಹಾದ ನೀರು ಬಳಿದೆ.

“ಗುರುತು ದೀಪದ ಗೂಡಿನ ಬಲಕ್ಕಿತ್ತು,” ಎಂದೆ.

“ಎಡಕ್ಕಿತ್ರೀ,” ಎಂದರು ಗಂಗವ್ವ. “ತಿಕ್ಕಿ ತಿಕ್ಕಿ ನನ್ನ ರಟ್ಟಿ ಹ್ವಾದ್ವು!”

ಒಂದೇ ಸಾಕ್ಷಿಯ ಹೇಳಿಕೆಯನ್ನು ನಂಬಬಾರದೆಂದು ವಿಶ್ವವಿದ್ಯಾಲಯ ನನಗೆ ಕಲಿಸಿದೆ. ಬಲಕ್ಕೇ ತಲೆ ಉಜ್ಜಿದೆ. ಉಜ್ಜುತ್ತಿರುವಾಗಲೇ ಅನುಮಾನ ಶುರುವಾಯಿತು. ಎಡಕ್ಕೂ ಉಜ್ಜಿದೆ!

ನಿರ್ದೇಶಕರು ಒಳಗೆ ಕಾಲಿಟ್ಟರು.

“ಏನ್ರೀ ಇದು? ತಾತನಿಗೆ ಎರಡು ತಲೆ ಇತ್ತಾ?”

“ಒಂದು ಅಜ್ಜೀದ್ ಇರ್ಲಿ ಬಿಡ್ರಿ ಸಾಹೇಬ್ರ,” ಎಂದು ಗಂಗವ್ವ ನನ್ನ ಸಹಾಯಕ್ಕೆ ಬಂದರು.

ನಿರ್ದೇಶಕರು ಹಿಂದಿನ ದಿನದ ಚಿತ್ರೀಕರಣ ಹಾಕಿಸಿ ನೋಡಿದರು; ಎಡಗಡೆಯದೇ ಸರಿಯಾಗಿತ್ತು. ಬಲಗಡೆಯದನ್ನು ಒರೆಸಲು ಹೋದೆ. ಒರೆಸಿದಷ್ಟೂ ಎಣ್ಣೆ ಹರಡಿತು. ಮತ್ತೆ ಸುಣ್ಣ ಹೊಡೆಯಲು ಹೊತ್ತಿರಲಿಲ್ಲ, ಮೊಮ್ಮಗಳ ಪಾತ್ರದ ನಾಯಕಿ ಸಂಜೆಯ ರೈಲಿಗೆ ಹೊರಡುವವಳು. ನಿರ್ದೇಶಕರು ನನ್ನ ಭುಜ ಹಿಡಿದು ಆ ಬಲಗುರುತಿನ ಮುಂದೆ ಕೂರಿಸಿದರು.

“ನೀವು ಸತ್ತವರ ನೆಂಟ. ತಲೆ ಅಲ್ಲಾಡಿಸ್ದೆ ಅಳ್ತಾ ಇರಿ.”

ಅಳುವುದಕ್ಕೆ ಪೂರ್ವಾಭ್ಯಾಸ ಬೇಕಾಗಲಿಲ್ಲ. ನಾಯಕಿಗಿಂತ ನಾನೇ ಚೆನ್ನಾಗಿ ಅತ್ತೆನೆಂದು ಎಲ್ಲರೂ ಚಪ್ಪಾಳೆ ತಟ್ಟಿದರು.

ಮುಂದಿನ ಚಿತ್ರೀಕರಣ ತಿಕೋಟಾದಲ್ಲಿ. ಅದಕ್ಕೆ ಬೇರೊಬ್ಬ ಕಲಾ ನಿರ್ದೇಶಕರು ಬಂದಿದ್ದಾರೆ. ನನಗೂ ಕರೆ ಬಂದಿದೆ. ಅಲ್ಲಿ ಶವಯಾತ್ರೆಯಿದೆಯಂತೆ, ಅಳುವವರು ಸಾಲುತ್ತಿಲ್ಲವಂತೆ!