ತೂಕದಯ್ಯನವರ ಎರಡು ಪಟ್ಟಿ

ತೂಕದಯ್ಯನವರು ತಮ್ಮ ಅಳಿಯನಾಗುವವನನ್ನು ಮೊದಲ ಸಲ ಕಂಡದ್ದು ಒಂದು ಸೋಮವಾರ ಬೆಳಿಗ್ಗೆ ಹನ್ನೊಂದಕ್ಕೆ, ಕನ್ನಡಕದ ಅಂಗಡಿಯಲ್ಲಿ. ಒಂದು ಕಾಲು ಗಿಡ್ಡವಾಗಿದ್ದ ಸ್ಟೂಲಿನ ಮೇಲೆ ಅವರನ್ನು ಕೂರಿಸಿ, ಎಡಗಣ್ಣಿಗೆ ಕಪ್ಪು ಬಿಲ್ಲೆ ಮುಚ್ಚಿ, ಅಂಗಡಿಯ ಹುಡುಗ ವಿನಯದಿಂದ "ಎದುರಿಗಿರೋದನ್ನ ಓದಿ ಸಾರ್" ಎಂದ. ಅಯ್ಯನವರು ಎದೆಯುಬ್ಬಿಸಿ ಓದಿದರು. "ಒಂದು, ಎರಡು, ಮೂರು, ನಾಲ್ಕು..." ಹೀಗೆ ಮೂವತ್ತರವರೆಗೆ, ಒಂದೇ ಉಸಿರಿನಲ್ಲಿ!

ಹುಡುಗ ಮೆಲ್ಲಗೆ ಕೆಮ್ಮಿದ. "ಸಾರ್, ಅದು ಕ್ಯಾಲೆಂಡರು. ಬೋರ್ಡು ಈ ಕಡೆ ಇದೆ."

"ಕ್ಯಾಲೆಂಡರ್ ಓದುವವನಿಗೆ ಬೋರ್ಡ್ ಯಾಕಯ್ಯಾ?"

"ಮೂವತ್ತೊಂದು ಬಿಟ್ರಿ ಸಾರ್."

ಆ ಹುಡುಗನನ್ನು ಅವರು ಅಂದೇ ಮರೆತುಬಿಡಬೇಕೆಂದಿದ್ದರು. ಆದರೆ ಎಂಟು ತಿಂಗಳ ನಂತರ ಅವನು ಅವರದೇ ಮನೆಯ ಸೋಫಾದ ತುದಿಯಲ್ಲಿ, ನರ್ಸ್ ಕೆಲಸದಲ್ಲಿದ್ದ ಅವರ ಮಗಳ ಪಕ್ಕ ಕುಳಿತು, ಬಿಸ್ಕತ್ತನ್ನು ಚಹಾದಲ್ಲಿ ಅದ್ದುತ್ತಿದ್ದ. ಮದುವೆಗೆ ಎರಡೂ ಮನೆಯವರು ಒಪ್ಪಿಯಾಯಿತು. ದಿನವೂ ಗೊತ್ತಾಯಿತು. ಉಳಿದದ್ದು ಒಂದೇ ಪ್ರಶ್ನೆ. ಹೆಣ್ಣು ಹೆತ್ತವರು ಎಷ್ಟು ಹಾಕಬೇಕು?

ಅಯ್ಯನವರು ಗಂಟಲು ಸರಿಮಾಡಿಕೊಂಡು ಅದನ್ನೇ ಕೇಳಿದರು. ಹುಡುಗ ನಗುತ್ತಾ, "ಖರ್ಚಿನ ಚಿಂತೆ ನಿಮಗೆ ಬೇಡ ಮಾವ. ಅದೆಲ್ಲ ಒಂದು ದಾರಿಗೆ ಬಂದಿದೆ" ಎಂದ.

ಚಿಂತೆ ಬೇಡವಂತೆ! ಮಗಳ ಮದುವೆಯಲ್ಲಿ ಅಪ್ಪನಿಗೆ ಚಿಂತೆಯೂ ಇಲ್ಲವೆಂದರೆ ಇನ್ನೇನು ಉಳಿಯಿತು? ಅವನು ಆ ಕಡೆ ಹೋದದ್ದೇ ತಡ, ಅಯ್ಯನವರು ಹೆಂಡತಿಯ ಮುಂದೆ ಪ್ರತಿಜ್ಞೆ ಮಾಡಿದರು.

"ನೋಡೇ, ಮೂವತ್ತೊಂದು ವರ್ಷದಿಂದ ವೇಬ್ರಿಡ್ಜ್‌ನಲ್ಲಿ ಲಾರಿ ತೂಗ್ತಾ ಇದೀನಿ. ಕಲ್ಲು ತೂಗಿದೀನಿ, ಹತ್ತಿ ತೂಗಿದೀನಿ, ಒಂದು ಸಲ ಸರ್ಕಸ್ಸಿನ ಆನೇನೂ ತೂಗಿದೀನಿ. ನಮ್ಮ ಪಾಲು ಎಷ್ಟು ಅಂತ ತೂಗೋದು ನನಗೆ ಎಡಗೈ ಕೆಲಸ!"

"ರೀ, ಆ ವಿಷಯಾನೇ ಒಂದು ಮಾತು ಹೇಳ್ಬೇಕಿತ್ತು..."

"ತಡಿ! ತೂಗೋವಾಗ ಮಾತಾಡಬಾರದು."

ಹೆಂಡತಿ ಅಂಚೆ ಕಚೇರಿಯ ಕೌಂಟರಿನಲ್ಲಿ ಕೆಲಸ ಮಾಡುವವರು. ದಿನಕ್ಕೆ ಇನ್ನೂರು ಜನರ ಮಾತು ಕೇಳಿ ಅಭ್ಯಾಸವಿದ್ದುದರಿಂದ ಒಬ್ಬರದು ಹೆಚ್ಚಾಗಲಿಲ್ಲ. ಬಟ್ಟೆ ಮಡಿಸಲು ಹೋದರು.

ಮರುದಿನದಿಂದ ವೇಬ್ರಿಡ್ಜ್‌ನ ಕಿಟಕಿಯಲ್ಲಿ ಅಭಿಪ್ರಾಯ ಸಂಗ್ರಹ ಶುರುವಾಯಿತು. ಸಿಮೆಂಟಿನ ಲಾರಿಯ ಡ್ರೈವರ್, "ಎಲ್ಲಾ ಹಾಕ್ಬಿಡಿ ಅಯ್ಯ! ಇರೋದು ಒಬ್ಬಳೇ ಮಗಳು, ಹೋಗುವಾಗ ಹೊತ್ಕೊಂಡು ಹೋಗ್ತೀರಾ?" ಎಂದ. ಅದೇ ಸರಿ ಎನಿಸಿತು. ಹಿಂದೆಯೇ ಬಂದ ಈರುಳ್ಳಿ ಲಾರಿಯವನು, "ಎಲ್ಲಾ ಹಾಕಿದೋರು ನಮ್ಮಣ್ಣ. ಈಗ ಕಾಲಿಗೆ ಚಪ್ಪಲಿ ಬೇಕಂದ್ರೂ ಅಳಿಯನ ಮುಖ ನೋಡ್ತಾರೆ. ಬಿಡಿಗಾಸು ಬಿಚ್ಚಬೇಡಿ" ಎಂದ. ಅದೂ ಸರಿ ಎನಿಸಿತು. ಇಟ್ಟಿಗೆ ಲಾರಿಯವನು ಅರ್ಧ ಎಂದ. ಗುಜರಿ ಲಾರಿಯವನು, "ಹುಡುಗನ ಕಡೆಯವರು ಎಷ್ಟು ಹಾಕ್ತಾರೋ ಅದಕ್ಕಿಂತ ಒಂದು ರೂಪಾಯಿ ಜಾಸ್ತಿ" ಎಂದ. ನಾಲ್ಕೂ ಸರಿ! ಸಂಜೆಯ ಹೊತ್ತಿಗೆ ಅಯ್ಯನವರ ತಲೆ, ಚೀಲ ಬಿಚ್ಚಿಹೋದ ಲಾರಿಯಂತಾಗಿತ್ತು.

ಇದರ ಮಧ್ಯೆ ಕೈ ಸುಮ್ಮನಿರುತ್ತದೆಯೇ? ಮದುವೆಗೆ ಮೂರು ಲಕ್ಷವಾದರೂ ಬೇಕಾದೀತೆಂದು ಅಂದಾಜಿಸಿ, ಮನಸ್ಸಿನಲ್ಲಿ ಮೂರು ಲಕ್ಷ ಮೂರು ಲಕ್ಷ ಎಂದು ಜಪಿಸುತ್ತಾ ಅವರು ಈರುಳ್ಳಿ ಲಾರಿಯ ಚೀಟಿಯಲ್ಲಿ ಮೂರು ಲಕ್ಷ ಕಿಲೋ ಎಂದು ಬರೆದುಕೊಟ್ಟರು. ಅಷ್ಟು ಈರುಳ್ಳಿ ಹೊತ್ತ ಲಾರಿ ಇಲ್ಲಿಯವರೆಗೂ ಭೂಮಿಯ ಮೇಲೆ ಓಡಿಲ್ಲ. ಮಂಡಿಯ ಗೇಟಿನಲ್ಲಿ ಗುಮಾಸ್ತ ಚೀಟಿ ನೋಡಿ, ಲಾರಿಯನ್ನು ಮೂರು ಸುತ್ತು ಹಾಕಿ, ಚಕ್ರಗಳನ್ನು ಮುಟ್ಟಿ ನೋಡಿ, ಫೋನು ಮಾಡಿದ.

"ಅಯ್ಯ, ಉಳಿದ ಈರುಳ್ಳಿ ಹಿಂದಿನ ಲಾರೀಲಿ ಬರ್ತಾ ಇದೆಯಾ?"

"ಅದು ಮಗಳ ಮದುವೇದು!"

"ಮದುವೆಗೆ ಇಷ್ಟು ಈರುಳ್ಳಿನಾ?"

ಮೂವತ್ತೊಂದು ವರ್ಷದಲ್ಲಿ ಮೊದಲ ತಪ್ಪು! ಅಯ್ಯನವರು ಅಂದು ಒಂದು ನಿರ್ಧಾರಕ್ಕೆ ಬಂದರು. ಊರವರ ಬಾಯಿ ಬೇಡ, ತನ್ನ ಕಸುಬಿನ ದಾರಿಯೇ ಸಾಕು. ತುಂಬಿದ ಲಾರಿ ತೂಗು, ಖಾಲಿ ಲಾರಿ ತೂಗು, ಕಳೆ. ಉಳಿದದ್ದೇ ಸರಕು! ಡ್ಯೂಟಿಗೆ ಹೊರಟಿದ್ದ ಮಗಳನ್ನು ಬಾಗಿಲಲ್ಲೇ ತಡೆದು ಎರಡು ಖಾಲಿ ಹಾಳೆ ಕೊಟ್ಟರು.

"ಒಂದರಲ್ಲಿ ನಾವು ಇದ್ದರೆ ನಡೆಯೋ ಮದುವೆಯ ಪಟ್ಟಿ ಬರಿ. ಇನ್ನೊಂದರಲ್ಲಿ ನಾವು ಇಲ್ಲದೆ, ನಿಮ್ಮ ಕೈಲಿ ಎಷ್ಟಾಗುತ್ತೋ ಅಷ್ಟರಲ್ಲಿ ನಡೆಯೋ ಮದುವೇದು. ಎರಡಕ್ಕೂ ಇರೋ ವ್ಯತ್ಯಾಸಾನೇ ನಮ್ಮ ಪಾಲು."

"ಅಪ್ಪಾ, ಬಸ್ ಬಂತು."

"ಬಸ್ಸಿನಲ್ಲೇ ಬರಿ!"

ಭಾನುವಾರ ಬೀಗರು ಬಂದರು. ಹುಡುಗನ ಅಪ್ಪ ನಿವೃತ್ತ ಬಸ್ ಡ್ರೈವರ್. ಕುಳಿತಲ್ಲೂ ಬಲಗಾಲು ಬ್ರೇಕಿನ ಮೇಲಿಟ್ಟಂತೆ ಇರುತ್ತಿತ್ತು. ಅವರ ಹೆಂಡತಿ ಇಸ್ತ್ರಿ ಅಂಗಡಿ ನಡೆಸುವವರು. ಬಂದವರೇ ಅಯ್ಯನವರ ಅಂಗಿಯ ಕಾಲರನ್ನು ನೋಡಿ ನಿಟ್ಟುಸಿರುಬಿಟ್ಟರು. ಎಲ್ಲರೂ ಊಟದ ಮೇಜಿನ ಸುತ್ತ ಕುಳಿತರು. ಮಗಳು ಎರಡು ಹಾಳೆಗಳನ್ನು ಅಪ್ಪನ ಕೈಗಿಟ್ಟಳು. ಅಯ್ಯನವರು ಕನ್ನಡಕ ಏರಿಸಿ ಮೊದಲ ಪಟ್ಟಿಯ ಮೊತ್ತ ನೋಡಿದರು. ಎರಡನೆಯದರ ಮೊತ್ತ ನೋಡಿದರು. ಕನ್ನಡಕ ತೆಗೆದು ಒರೆಸಿದರು. ಮತ್ತೆ ನೋಡಿದರು.

ಎರಡೂ ಒಂದೇ! ಕಳೆದರೆ ಸೊನ್ನೆ!

"ಏನಮ್ಮಾ ಇದು?" ಎಂದರು. ದನಿ ತಾನೇತಾನಾಗಿ ಸಣ್ಣದಾಗಿತ್ತು. "ಹಾಗಾದ್ರೆ ನಾವು ಇದ್ರೂ ಒಂದೇ, ಇಲ್ಲದಿದ್ರೂ ಒಂದೇ?"

ಮಗಳಿಗೆ ನಗುವೂ ಬಂತು, ಕಣ್ಣೂ ತುಂಬಿತು.

"ನೀವಿಲ್ಲದ ಮದುವೆ ಹೇಗಪ್ಪಾ ಬರೀಲಿ? ಬಸ್ಸಲ್ಲಿ ಕೂತು ನೋಡಿದೆ, ಆಸ್ಪತ್ರೇಲಿ ಕೂತು ನೋಡಿದೆ. ಪೆನ್ನೇ ಓಡ್ಲಿಲ್ಲ. ನೀವು ಬಿಡೋರಲ್ಲ ಅಂತ ಮೊದಲನೇದನ್ನೇ ಜೆರಾಕ್ಸ್ ಮಾಡಿಸ್ದೆ."

ಅಯ್ಯನವರ ಎದೆ ಕರಗಿ ನೀರಾಯಿತು. ನೀರು ನಿಲ್ಲುವುದುಂಟೇ? ಹರಿಯಿತು!

"ಸರಿ! ಮೂರು ಲಕ್ಷ ನನ್ನದು!" ಎಂದು ಮೇಜು ಗುದ್ದಿದರು.

ಬೀಗರು ಬಲಗಾಲು ಮೇಲೆತ್ತಿದರು. "ಅದ್ಹೇಗೆ ಬೀಗರೇ? ಹುಡುಗ ನಮ್ಮವನಲ್ವಾ? ನಮ್ಮದೂ ಮೂರು."

"ಹಾಗಾದ್ರೆ ನಮ್ಮದು ನಾಲ್ಕು!"

"ನಾಲ್ಕೂವರೆ!"

"ಮಾವ..." ಎಂದ ಹುಡುಗ.

"ನೀನು ಸುಮ್ನಿರಪ್ಪಾ, ದೊಡ್ಡೋರು ಮಾತಾಡ್ತಿದೀವಿ. ಐದು!"

"ಆರು!"

ಮದುವೆಯ ಪಟ್ಟಿಯ ಒಟ್ಟು ಮೊತ್ತವೇ ಎರಡು ಲಕ್ಷ ಎಪ್ಪತ್ತು ಸಾವಿರವಿತ್ತು. ಇಬ್ಬರು ಅಪ್ಪಂದಿರು ಸೇರಿ ಅದನ್ನು ನಾಲ್ಕು ಸಲ ಮಾಡಿ ಮುಗಿಸಿದ್ದರು. ಅಯ್ಯನವರಿಗೆ ಈಗ ತಾನು ಕೊಡುತ್ತಿದ್ದೇನೋ ಕೊಳ್ಳುತ್ತಿದ್ದೇನೋ ಒಂದೂ ತಿಳಿಯಲಿಲ್ಲ. ನಿಲ್ಲಿಸಿದರೆ ಸೋತಂತೆ, ಮುಂದುವರಿದರೆ ಮುಳುಗಿದಂತೆ. "ಏಳು" ಎನ್ನಲು ಬಾಯಿ ತೆರೆದರು.

"ರೀ," ಎಂದರು ಹೆಂಡತಿ, ಕೌಂಟರಿನಲ್ಲಿ 'ಸಾಲಿನಲ್ಲಿ ನಿಲ್ಲಿ' ಎನ್ನುವ ದನಿಯಲ್ಲಿ. "ಮದುವೆ ಒಂದೇ. ಹುಡುಗಿ ಒಬ್ಬಳೇ. ಅದಿರ್ಲಿ, ನಿಮ್ಮ ಐದು ಲಕ್ಷ ಎಲ್ಲಿದೆ?"

ಅಯ್ಯನವರು ಬೀಗರನ್ನು ನೋಡಿದರು. ಬೀಗರು ಅಷ್ಟರಲ್ಲಿ ತಮ್ಮ ಹೆಂಡತಿಯ ಕಣ್ಣಿಗೆ ಸಿಕ್ಕಿಬಿದ್ದು ಚಾವಣಿ ನೋಡುತ್ತಿದ್ದರು.

"ಬ್ಯಾಂಕಲ್ಲಿ... ಇರ್ಬೇಕಲ್ಲ?"

"ಬ್ಯಾಂಕಲ್ಲಿ ಇದ್ದದ್ದು ಒಂದು ಲಕ್ಷ ಎಂಬತ್ತು ಸಾವಿರ. ಅದರಲ್ಲಿ ಅರ್ಧ ತೆಗೆದು ಹಾಲ್‌ಗೆ ಕಟ್ಟಾಯ್ತು. ಇನ್ನರ್ಧ ನಮ್ಮ ಮುಪ್ಪಿಗೆ."

"ಊಟದ್ದು ನಾವು ಕಟ್ಟಿದ್ವಿ," ಎಂದರು ಇಸ್ತ್ರಿ ಅಂಗಡಿಯ ಬೀಗತಿ. "ಉಳಿದದ್ದು ಮಕ್ಕಳು ನೋಡ್ಕೋತಾರೆ. ತಿಂಗಳ ಹಿಂದೇನೇ, ನಿಮ್ಮ ಮನೆಯವರು ಬಟ್ಟೆ ಕೊಡೋಕೆ ಬಂದಿದ್ದಾಗ, ಅಂಗಡೀಲಿ ನಿಂತ್ಕೊಂಡೇ ಮಾತಾಡಿದ್ವಿ. ಎರಡು ಸೀರೆ ಇಸ್ತ್ರಿ ಆಗೋಷ್ಟರಲ್ಲಿ ಮುಗೀತು."

ಅಯ್ಯನವರು ಪಟ್ಟಿ ಎತ್ತಿಕೊಂಡರು. ಮೊತ್ತವನ್ನು ಬಿಟ್ಟು ಈಗ ಮೊದಲ ಸಲ ಮೇಲಿನಿಂದ ಓದಿದರು. 'ಹಾಲ್: ಅಮ್ಮ ಕಟ್ಟಿದ್ದಾರೆ.' 'ಊಟ: ಅತ್ತೆ ಕಟ್ಟಿದ್ದಾರೆ.' ಮಗಳ ದುಂಡು ಅಕ್ಷರ, ನೀಲಿ ಶಾಯಿ. ಜೆರಾಕ್ಸಿನಲ್ಲಿಯೂ ಅಷ್ಟೇ ಸ್ಪಷ್ಟ.

"ನನಗ್ಯಾಕೆ ಹೇಳ್ಲಿಲ್ಲ?"

"ಹೇಳೋಕೆ ಬಂದೆ. ನೀವು ತೂಗ್ತಾ ಇದ್ರಿ."

ಮೇಜಿನ ಸುತ್ತ ಎದ್ದ ನಗು ಪಕ್ಕದ ಮನೆಯವರನ್ನು ಕಿಟಕಿಗೆ ಕರೆತಂದಿತು. ಅಯ್ಯನವರೂ ಕೊನೆಗೆ ನಕ್ಕರು, ಬೇರೆ ದಾರಿಯಿರಲಿಲ್ಲ. ನಗು ಇಳಿದ ಮೇಲೆ ಮೆಲ್ಲಗೆ ಕೇಳಿದರು. "ಹಾಗಾದ್ರೆ ನಾನು ಮಾಡೋದು ಏನೂ ಇಲ್ವಾ?"

ಮಗಳು ಅಪ್ಪನ ಕೈ ಹಿಡಿದುಕೊಂಡಳು. "ಇದೆಯಲ್ಲ ಅಪ್ಪ. ಹಾಲ್‌ನವರು ಕೊಡೋ ಕುರ್ಚಿಗಳಲ್ಲಿ ಅರ್ಧ ಅಲ್ಲಾಡ್ತವೆ. ಯಾವುದು ಭಾರ ತಡೀತದೆ, ಯಾವುದು ತಡೆಯಲ್ಲ ಅಂತ ನಿಮ್ಮಷ್ಟು ಚೆನ್ನಾಗಿ ಯಾರು ನೋಡ್ತಾರೆ?"

ಮದುವೆಯ ದಿನ ಅಯ್ಯನವರು ಬೆಳಿಗ್ಗೆ ಆರಕ್ಕೇ ಹೋಗಿ ನೂರಿಪ್ಪತ್ತು ಕುರ್ಚಿಗಳ ಮೇಲೂ ಒಂದೊಂದಾಗಿ ಕುಳಿತು, ಎದ್ದು, ಹದಿನೇಳನ್ನು ಹೊರಗಿಟ್ಟರು. ಯಾರೂ ಬೀಳಲಿಲ್ಲ.

ಈಗಲೂ ಅವರು ವೇಬ್ರಿಡ್ಜ್‌ನ ಕಿಟಕಿಯಲ್ಲಿ ಕೂರುತ್ತಾರೆ. ಲಾರಿಯವರು ಯಾರಾದರೂ, "ಅಯ್ಯ, ಮಗಳ ಮದುವೆ ಬಂತು, ಎಷ್ಟು ಹಾಕ್ಲಿ?" ಎಂದು ಕೇಳಿದರೆ ಚೀಟಿಯಿಂದ ತಲೆಯೆತ್ತದೆ, "ನಿಮ್ಮ ಮನೆಯವರನ್ನ ಕೇಳಿ, ಆಗ್ಲೇ ಕಟ್ಟಿರ್ತಾರೆ" ಎನ್ನುತ್ತಾರೆ.